ಟೆಂಡರ್‌ನಿಂದ ಹೊರಹಾಕಿದರೆ ಮುಂದೇನು? 16ನೇ ಕಲಂ ಮೇಲ್ಮನವಿ ಬಳಸಿ ನೋಡಿದ ಮೇಲೆ

ರೇಟಿಂಗ್ ಮೊದಲೇ ಹೇಳಿಬಿಡುತ್ತೇನೆ. ಐದಕ್ಕೆ ಮೂರೂವರೆ.

ಕೆಟಿಪಿಪಿ ಕಾಯ್ದೆ ಅಂತ ನಾವೆಲ್ಲ ಕರೆಯುವ 1999ರ ಕರ್ನಾಟಕ ಸಾರ್ವಜನಿಕ ಸಂಗ್ರಹಣೆಗಳಲ್ಲಿ ಪಾರದರ್ಶಕತೆ ಕಾಯ್ದೆಯಲ್ಲಿ 16ನೇ ಕಲಂ ಒಂದಿದೆ. ಸರ್ಕಾರಿ ಇಲಾಖೆಗೆ ಬಿಡ್ ಹಾಕಿ ಅನ್ಯಾಯವಾಗಿ ಹೊರಬಿದ್ದವರು ಮೇಲಿನ ಪ್ರಾಧಿಕಾರದ ಮುಂದೆ ಮೇಲ್ಮನವಿ ಹಾಕಬಹುದು ಅಂತ ಅದು ಹೇಳುತ್ತದೆ. ನನ್ನಂಥ ಸಣ್ಣ ಸರಬರಾಜುದಾರರಲ್ಲಿ ಎಷ್ಟೋ ಜನರಿಗೆ ಹೀಗೊಂದು ದಾರಿ ಇರುವುದೇ ಗೊತ್ತಿಲ್ಲ. ಗೊತ್ತಿದ್ದವರೂ "ಇಲಾಖೆ ಮೇಲೆ ಇಲಾಖೆಗೇ ದೂರು ಕೊಟ್ಟು ಏನು ಪ್ರಯೋಜನ ಬಿಡಿ" ಅಂತ ಸುಮ್ಮನಾಗುತ್ತಾರೆ. ಇನ್ನು ಕೆಲವರು ನೇರ ಹೈಕೋರ್ಟಿಗೆ ಓಡುತ್ತಾರೆ, ಅಲ್ಲಿ "ಮೊದಲು ಮೇಲ್ಮನವಿ ಹಾಕಿದ್ದೀರಾ?" ಅಂತ ಕೇಳಿಸಿಕೊಂಡು ವಾಪಸ್ ಬರುತ್ತಾರೆ. ಹಾಗಾಗಿ ಬಳಸಿ ನೋಡಿದವನಾಗಿ ಬರೆಯೋಣ ಅನಿಸಿತು. ಯಾವ ಇಲಾಖೆ, ಯಾವ ಅಧಿಕಾರಿ ಅಂತ ಹೇಳುವುದಿಲ್ಲ. ನನಗೆ ಹೇಳಬೇಕಿರುವುದು ವ್ಯವಸ್ಥೆ ಹೇಗೆ ನಡೆಯುತ್ತದೆ ಅನ್ನುವುದನ್ನು.

ನಮ್ಮದು ಹುಬ್ಬಳ್ಳಿಯ ತಾರಿಹಾಳ ಕೈಗಾರಿಕಾ ಪ್ರದೇಶದಲ್ಲಿ ಸಣ್ಣ ಫ್ಯಾಬ್ರಿಕೇಷನ್ ಘಟಕ. ಸ್ಟೀಲ್ ಮಂಚ, ಡೆಸ್ಕು, ರ್ಯಾಕು ಮಾಡುತ್ತೇವೆ. ವಿದ್ಯಾರ್ಥಿ ನಿಲಯಗಳಿಗೆ ಎರಡು ಅಂತಸ್ತಿನ ಮಂಚ ಬೇಕು ಅಂತ ಟೆಂಡರ್ ಬಂತು, ಎರಡು ಕವರ್ ಪದ್ಧತಿ. ಮೊದಲ ಕವರ್‌ನಲ್ಲಿ ದಾಖಲೆಗಳು, ಎರಡನೆಯದರಲ್ಲಿ ದರ. ಮೊದಲ ಕವರ್ ಪಾಸಾದವರದ್ದು ಮಾತ್ರ ಎರಡನೆಯದು ತೆರೆಯುತ್ತದೆ. ನಮ್ಮದು ಮೊದಲನೆಯದರಲ್ಲೇ ಬಿತ್ತು. ಪೋರ್ಟಲ್‌ನಲ್ಲಿ ಕಂಡದ್ದು ಇಷ್ಟೇ: "ತಾಂತ್ರಿಕವಾಗಿ ಅನರ್ಹ, ಅಗತ್ಯ ದಾಖಲೆ ಸಲ್ಲಿಸಿಲ್ಲ."

ಯಾವ ದಾಖಲೆ? ಗೊತ್ತಿಲ್ಲ. ಟೆಂಡರ್‌ನಲ್ಲಿ ಕೇಳಿದ್ದು ಒಂದೆರಡಲ್ಲ. ವಹಿವಾಟಿನ ಪ್ರಮಾಣಪತ್ರ, ಜಿಎಸ್‌ಟಿ ನೋಂದಣಿ, ಹಿಂದೆ ಸರಬರಾಜು ಮಾಡಿದ ಪ್ರಮಾಣಪತ್ರ, ಪ್ರಯೋಗಾಲಯದ ಪರೀಕ್ಷಾ ವರದಿ, ಇಎಂಡಿ (ಬಿಡ್ ಜತೆ ಇಡಬೇಕಾದ ಠೇವಣಿ), ಅಫಿಡವಿಟ್ಟು. ಎಲ್ಲವನ್ನೂ ಪುಟ ಸಂಖ್ಯೆ ಹಾಕಿ, ಮುಂದೆ ಪರಿವಿಡಿ ಇಟ್ಟು ಏರಿಸಿದ್ದೆವು. ಕೇಸ್ ವರ್ಕರ್ ಹತ್ತಿರ ಹೋಗಿ ಕೇಳಿದರೆ "ಸಮಿತಿ ತೀರ್ಮಾನ ಸಾರ್, ನನಗೇನೂ ಗೊತ್ತಿಲ್ಲ" ಅಂದರು. ಅಷ್ಟರಲ್ಲಿ ಉಳಿದವರ ದರ ತೆರೆದಾಗಿತ್ತು. ಎಲ್‌1, ಅಂದರೆ ಎಲ್ಲರಿಗಿಂತ ಕಡಿಮೆ ದರ ಹಾಕಿದವರು, ಆದವರ ದರ ಪರದೆ ಮೇಲೆ ಕಾಣುತ್ತಿತ್ತು. ನಮ್ಮ ತೆರೆಯದ ಕವರ್‌ನಲ್ಲಿದ್ದ ದರ ಅದಕ್ಕಿಂತ ಕಡಿಮೆ. ನಮ್ಮ ದರ ಜಾಸ್ತಿ ಇದ್ದಿದ್ದರೆ ಹೋರಾಡುವುದರಲ್ಲಿ ಅರ್ಥವೇ ಇರುತ್ತಿರಲಿಲ್ಲ. ಇದು ನೀವೂ ಮೊದಲು ನೋಡಿಕೊಳ್ಳಬೇಕಾದ ವಿಷಯ. ಗೆದ್ದರೂ ಎಲ್‌1 ಆಗದಿದ್ದರೆ ಸುಮ್ನೆ ವಕೀಲರ ಫೀಸು, ಓಡಾಟ, ತಲೆನೋವು.

ಈಗ ವ್ಯವಸ್ಥೆಯ ಒಳಗೆ ಬರೋಣ.

ಮೊದಲ ತೊಡಕು ಗಡುವಿನದ್ದು. 16ನೇ ಕಲಂ ಪ್ರಕಾರ 30 ದಿನದೊಳಗೆ ಮೇಲ್ಮನವಿ ಹಾಕಬೇಕು. ತಡವಾದದ್ದಕ್ಕೆ ಸರಿಯಾದ ಕಾರಣ ಇದ್ದರೆ ಇನ್ನಷ್ಟು ದಿನ ಕೊಡುವ ಅಧಿಕಾರ ಪ್ರಾಧಿಕಾರಕ್ಕೆ ಇದೆ, ಆದರೆ ಅದನ್ನು ನಂಬಿ ಕೂರಬೇಡಿ. ಲೆಕ್ಕ ಶುರುವಾಗುವುದು ಆದೇಶ ಕೈಸೇರಿದ ದಿನದಿಂದ. ಆದರೆ ಯಾವ ಆದೇಶ? ಕಲಂ ಹೇಳುವುದು 13ನೇ ಕಲಂ ಅಡಿಯ ಆದೇಶದ ಬಗ್ಗೆ, ಅಂದರೆ ಟೆಂಡರ್ ಒಪ್ಪಿಕೊಳ್ಳುವ ಆದೇಶ. ತಾಂತ್ರಿಕ ಹಂತದಲ್ಲಿ ಬಿದ್ದವನಿಗೆ ಹಾಗೊಂದು ಆದೇಶ ಕೈಗೆ ಬರುವುದೇ ಇಲ್ಲ, ಪೋರ್ಟಲ್‌ನಲ್ಲಿ ಒಂದು ಸಾಲು ಬರುತ್ತದೆ ಅಷ್ಟೇ. ಆ ಸಾಲಿನ ಮೇಲೆ ತಕ್ಷಣ ಮೇಲ್ಮನವಿ ಹಾಕಿದರೆ "ಇನ್ನೂ ಅಂತಿಮ ಆದೇಶ ಆಗಿಲ್ಲ, ಅವಧಿಗೆ ಮುಂಚೆ ಬಂದಿದ್ದೀರಿ" ಅನ್ನುವ ತಕರಾರು ಬರಬಹುದು. ಕಾಯುತ್ತಾ ಕೂತರೆ "ತಡವಾಗಿ ಬಂದಿರಿ" ಅನ್ನಬಹುದು. ಎರಡೂ ಕಡೆ ಸಿಕ್ಕಿಕೊಳ್ಳುವುದು ಬಿಡ್ ಹಾಕಿದವನೇ ಅಲ್ವಾ?

ನಾವು ಮಾಡಿದ್ದು ಹೀಗೆ. ತಿರಸ್ಕಾರ ಕಂಡ ಕೂಡಲೇ ಟೆಂಡರ್ ಕರೆದ ಅಧಿಕಾರಿಗೆ ಒಂದು ಆಕ್ಷೇಪಣಾ ಪತ್ರ. ಅದರಲ್ಲಿ ಮೂರೇ ವಿಷಯ: ಯಾವ ಷರತ್ತಿನ ಪ್ರಕಾರ ಅನರ್ಹ, ಯಾವ ದಾಖಲೆ ಇಲ್ಲ, ಪರಿಶೀಲನಾ ಸಮಿತಿಯ ನಡವಳಿಯ ಪ್ರತಿ ಕೊಡಿ. ಟಪಾಲು ವಿಭಾಗದಲ್ಲಿ ಕೊಟ್ಟು ಸ್ವೀಕೃತಿ ಮುದ್ರೆ ಹಾಕಿಸಿಕೊಂಡೆವು, ಅದನ್ನೇ ಇಮೇಲ್‌ನಲ್ಲೂ ಕಳುಹಿಸಿದೆವು. ಆಮೇಲೆ ಪೋರ್ಟಲ್ ತೋರಿಸಿದ ದಿನಾಂಕದಿಂದಲೇ 30 ದಿನ ಎಣಿಸಿಕೊಂಡೆವು. ಎಲ್‌1ಗೆ ಒಪ್ಪಿಗೆ ಆಗಿದೆ ಅಂತ ತಿಳಿದ ತಕ್ಷಣ ಮೇಲ್ಮನವಿ ಹಾಕಿದೆವು. ಹೀಗಾಗಿ ಎರಡು ತಕರಾರಿಗೂ ಜಾಗ ಇರಲಿಲ್ಲ.

ಆ ಪತ್ರಕ್ಕೆ ಉತ್ತರ ಬಂತಾ? ಬರಲಿಲ್ಲ. ಮಾಹಿತಿ ಹಕ್ಕಿನಲ್ಲಿ ಹತ್ತು ರೂಪಾಯಿ ಕಟ್ಟಿ ಕೇಳಿದೆವು. 2005ರ ಆ ಕಾಯ್ದೆಯಲ್ಲೂ ಉತ್ತರ ಕೊಡಲು 30 ದಿನ ಸಮಯ ಇದೆ. ನೋಡಿ, ನನಗೆ ತಿರಸ್ಕಾರದ ಕಾರಣ ತಿಳಿಯಲು 30 ದಿನ, ಆ ಕಾರಣದ ವಿರುದ್ಧ ಮೇಲ್ಮನವಿ ಹಾಕಲೂ 30 ದಿನ. ಎರಡೂ ಒಟ್ಟಿಗೆ ಓಡುತ್ತವೆ. ಕಾರಣವೇ ಗೊತ್ತಿಲ್ಲದೆ ಮೇಲ್ಮನವಿ ಬರೆಯಬೇಕು. ನನ್ನ ಪ್ರಕಾರ ಇಡೀ ವ್ಯವಸ್ಥೆಯ ದೊಡ್ಡ ದೋಷ ಇದೇ. ನಾನು ಕಡಿತಗೊಳಿಸಿದ ಒಂದೂವರೆ ಅಂಕದಲ್ಲಿ ಒಂದು ಪೂರ್ತಿ ಅಂಕ ಇದಕ್ಕೇ ಹೋಯಿತು. ಬಿಡ್ ಹಾಕಿದವನಿಂದ ನೂರಾರು ಪುಟ ಕೇಳುವ ಇಲಾಖೆ, ಹೊರಹಾಕುವಾಗ ಎರಡು ಸಾಲು ಕಾರಣ ಬರೆಯಬೇಕು ಅಂತ ಕೇಳುವುದು ಜಾಸ್ತಿಯಾಯಿತೇ? ಕೇಂದ್ರ ಸರ್ಕಾರದ 2017ರ ಸಾಮಾನ್ಯ ಹಣಕಾಸು ನಿಯಮಗಳಲ್ಲಿ, 173ನೇ ನಿಯಮದಲ್ಲಿ, ಬಿಡ್‌ದಾರ ತನ್ನ ತಿರಸ್ಕಾರವನ್ನು ಪ್ರಶ್ನಿಸಲು ಅವಕಾಶ ಇರಬೇಕು, ಕೇಳಿದರೆ ಕಾರಣ ತಿಳಿಸಬೇಕು ಅಂತಲೇ ಇದೆ. ಅದು ಕೇಂದ್ರದ ಖರೀದಿಗೆ. ಇಲ್ಲಿಯೂ ಅಷ್ಟು ಸ್ಪಷ್ಟವಾಗಿ, ಕಡ್ಡಾಯವಾಗಿ ನಡೆಯಬೇಕು.

ಮೇಲ್ಮನವಿಯಲ್ಲಿ ನಾವು ಟೆಂಡರ್ ಕೇಳಿದ ಪ್ರತಿ ದಾಖಲೆಗೂ ಒಂದು ಸಾಲು ಬರೆದೆವು. ಈ ಷರತ್ತು, ಈ ದಾಖಲೆ, ನಮ್ಮ ಬಿಡ್‌ನ ಈ ಪುಟ. ಯಾವುದನ್ನು ಇಲ್ಲ ಅಂದಿದ್ದಾರೆ ಅಂತ ಗೊತ್ತಿಲ್ಲದ ಕಾರಣ ಎಲ್ಲವೂ ಇದೆ ಅಂತ ತೋರಿಸುವುದು ಬಿಟ್ಟು ಬೇರೆ ದಾರಿ ಇರಲಿಲ್ಲ. ಜತೆಗೆ ಒಂದು ಮಧ್ಯಂತರ ಮನವಿ: ವಿಚಾರಣೆ ಮುಗಿಯುವವರೆಗೆ ಕಾರ್ಯಾದೇಶ ಕೊಡಬೇಡಿ. ಇದನ್ನು ಮರೆಯಲೇಬಾರದು. ಮೇಲ್ಮನವಿ ಹಾಕಿದ ಮಾತ್ರಕ್ಕೆ ಖರೀದಿ ತಾನಾಗಿ ನಿಲ್ಲುತ್ತದೆ ಅಂತ ಅಂದುಕೊಳ್ಳಬೇಡಿ. ಅತ್ತ ಕಾರ್ಯಾದೇಶ ಹೋಗಿ, ಒಪ್ಪಂದಕ್ಕೆ ಸಹಿ ಬಿದ್ದು, ಮಂಚಗಳು ಹಾಸ್ಟೆಲ್ ಸೇರಿದ ಮೇಲೆ ನೀವು ಗೆದ್ದರೆ ಕೈಗೆ ಸಿಗುವುದು ಒಂದು ಹಾಳೆ ಮಾತ್ರ. ರಸ್ತೆ, ಸೇತುವೆ ಕೆಲಸ ವರ್ಷಗಟ್ಟಲೆ ನಡೆಯುತ್ತದೆ, ಸರಬರಾಜು ಹಾಗಲ್ಲ. ಕೆಲವೇ ವಾರಗಳಲ್ಲಿ ಲಾರಿ ಹೊರಟುಬಿಡುತ್ತದೆ. ಹಾಗಾಗಿ ನಮ್ಮಂಥವರಿಗೆ ತಡೆ ಕೇಳುವುದೇ ಅರ್ಧ ಮೇಲ್ಮನವಿ. ನಮ್ಮ ಪ್ರಕರಣದಲ್ಲಿ ಪ್ರಾಧಿಕಾರ ವಿಚಾರಣೆಯವರೆಗೆ ಕಾರ್ಯಾದೇಶ ತಡೆಹಿಡಿಯಲು ಹೇಳಿತು. ಈ ವಿಷಯದಲ್ಲಿ ಪೂರ್ತಿ ಅಂಕ.

ಇನ್ನೊಂದು, ಎಲ್‌1 ಆದವರನ್ನು ಪ್ರತಿವಾದಿ ಮಾಡಲೇಬೇಕು. ಅವರ ಕೈಗೆ ಬರುವ ಆರ್ಡರ್ ಮೇಲೆ ಪರಿಣಾಮ ಬೀರುವ ಆದೇಶ ಕೇಳುತ್ತಿದ್ದೀರಿ, ಅವರ ಮಾತು ಕೇಳದೆ ಆದೇಶ ಆದರೆ ಅದು ಮುಂದೆ ನಿಲ್ಲುವುದಿಲ್ಲ. ಕೆಲವರು ಮುಲಾಜಿಗೆ ಬಿದ್ದು, ಒಂದೇ ಊರು, ಒಂದೇ ವ್ಯಾಪಾರ ಅಂತ ಅವರ ಹೆಸರು ಬಿಡುತ್ತಾರೆ. ಹಾಗೆ ಮಾಡಬೇಡಿ. ಜಗಳ ಅವರ ಮೇಲಲ್ಲ ಅಂತ ಫೋನ್ ಮಾಡಿ ಹೇಳಿ ಬೇಕಾದರೆ.

ವಿಚಾರಣೆ ದಿನದ ಬಗ್ಗೆ ಸ್ವಲ್ಪ ಜಾಸ್ತಿ ಬರೆಯುತ್ತೇನೆ, ಯಾಕೆಂದರೆ ಈ ವ್ಯವಸ್ಥೆಯ ಬೆಲೆ ಗೊತ್ತಾಗುವುದು ಅಲ್ಲೇ.

ಕೋರ್ಟ್ ಹಾಲ್ ಅಲ್ಲ, ಅಧಿಕಾರಿಯ ಕೊಠಡಿ. ಮೇಜಿನ ಈ ಕಡೆ ನಾವು, ಆ ಕಡೆ ಇಲಾಖೆಯವರು, ಪಕ್ಕದಲ್ಲಿ ಎಲ್‌1 ಕಡೆಯ ವಕೀಲರು. ಇಲಾಖೆಯವರು "ಪರೀಕ್ಷಾ ವರದಿ ಲಗತ್ತಿಸಿಲ್ಲ" ಅಂದರು. ಅಂತೂ ಕಾರಣ ಹೊರಬಂತು! ನಾವು ಪುಟ ಸಂಖ್ಯೆ ಹೇಳಿದೆವು. ಪ್ರಾಧಿಕಾರದ ಅಧಿಕಾರಿ ವಾದ ಕೇಳುವುದು ನಿಲ್ಲಿಸಿ, ಪೋರ್ಟಲ್‌ನಿಂದ ನಮ್ಮ ಬಿಡ್ ಅಲ್ಲೇ ತೆರೆಸಿದರು. ಆಪರೇಟರ್ ಹುಡುಗ ಪಿಡಿಎಫ್ ಕೆಳಗೆ ಸರಿಸುತ್ತಾ ಹೋದ. ಪೈಪಿನ ಪರೀಕ್ಷಾ ವರದಿ ಬಂತು. ಎನ್‌ಎಬಿಎಲ್ (ಪ್ರಯೋಗಾಲಯಗಳಿಗೆ ಮಾನ್ಯತೆ ಕೊಡುವ ಮಂಡಳಿ) ಮಾನ್ಯತೆಯ ಚಿಹ್ನೆ, ಪ್ರಯೋಗಾಲಯದ ಪ್ರಮಾಣಪತ್ರ ಸಂಖ್ಯೆ, ಪೈಪ್ ದಪ್ಪ 1.2 ಮಿ.ಮೀ., ಅಂದರೆ ನಾವು 18 ಗೇಜ್ ಅನ್ನುವುದು, ಪೌಡರ್ ಕೋಟಿಂಗ್ ಎಷ್ಟು ಮೈಕ್ರಾನ್ ಅನ್ನುವುದು, ಎಲ್ಲ ಅಲ್ಲಿತ್ತು. ವರದಿ ಅಡ್ಡ ಹಾಳೆಯಲ್ಲಿ ಸ್ಕ್ಯಾನ್ ಆಗಿತ್ತು, ಪರದೆಯಲ್ಲಿ ಓರೆಯಾಗಿ ಕಾಣುತ್ತಿತ್ತು, ಆತ ತಿರುಗಿಸಿ ತೋರಿಸಿದ. ಅಧಿಕಾರಿ ತಾವೇ ಎದ್ದು ಪರದೆ ಹತ್ತಿರ ಬಂದು ಓದಿದರು.

ಆಗ ಇಲಾಖೆಯವರ ಮಾತು ಬದಲಾಯಿತು. "ವರದಿ ಇದೆ, ಆದರೆ ಹಳೆಯದು. ಒಂದು ವರ್ಷದೊಳಗಿನದು ಇರಬೇಕಿತ್ತು." ಟೆಂಡರ್ ದಾಖಲೆಯಲ್ಲಿ ಅಂಥ ಷರತ್ತು ಎಲ್ಲಿದೆ ಅಂತ ಕೇಳಿದೆವು. ಹುಡುಕಿದರು. ಇರಲಿಲ್ಲ.

ಇಲ್ಲಿ ನಮ್ಮ ವಕೀಲರು ಹಿಡಿದ ಅಂಶ ಎಲ್ಲರೂ ಬರೆದಿಟ್ಟುಕೊಳ್ಳಬೇಕಾದ್ದು. ಮೊಹಿಂದರ್ ಸಿಂಗ್ ಗಿಲ್ ಪ್ರಕರಣ ಅಂತ ಇದೆ, ಚುನಾವಣಾ ಆಯೋಗದ ವಿರುದ್ಧದ್ದು, 1978ರಲ್ಲಿ ವರದಿಯಾದ ಸುಪ್ರೀಂ ಕೋರ್ಟ್ ತೀರ್ಪು, ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಬರೆದದ್ದು. ಟೆಂಡರ್‌ಗೂ ಅದಕ್ಕೂ ನೇರ ಸಂಬಂಧ ಇಲ್ಲ. ಆದರೆ ಅದರಲ್ಲಿ ಹೇಳಿದ ತತ್ವ ಇವತ್ತಿಗೂ ಎಲ್ಲ ಕಡೆ ನಡೆಯುತ್ತದೆ. ಆದೇಶದಲ್ಲಿ ಏನು ಕಾರಣ ಬರೆದಿದೆಯೋ ಅದರ ಮೇಲೇ ಆದೇಶ ನಿಲ್ಲಬೇಕು ಅಥವಾ ಬೀಳಬೇಕು. ಆಮೇಲೆ ಅಫಿಡವಿಟ್‌ನಲ್ಲಿ ಹೊಸ ಕಾರಣ ಸೇರಿಸಿ ಅದನ್ನು ಉಳಿಸಿಕೊಳ್ಳಲು ಬರುವುದಿಲ್ಲ. "ದಾಖಲೆ ಸಲ್ಲಿಸಿಲ್ಲ" ಅಂತ ಹೊರಹಾಕಿ, ದಾಖಲೆ ಸಿಕ್ಕ ಮೇಲೆ "ಹಳೆಯದು" ಅನ್ನುವಂತಿಲ್ಲ.

ಪ್ರಾಧಿಕಾರ ತಿರಸ್ಕಾರ ರದ್ದು ಮಾಡಿತು. ನಮ್ಮ ದರದ ಕವರ್ ತೆರೆದು ಮರುಪರಿಶೀಲಿಸಿ ಅಂತ ಆದೇಶ ಮಾಡಿತು. ಕವರ್ ತೆರೆದರು, ನಾವೇ ಕಡಿಮೆ, ಆರ್ಡರ್ ಬಂತು. ಇಲ್ಲಿಗೆ ಐದಕ್ಕೆ ಐದು ಕೊಡಬೇಕಿತ್ತು. ಆದರೆ ಅಷ್ಟರಲ್ಲಿ ಬಿಡ್‌ನ ಸಿಂಧುತ್ವದ ಅವಧಿ, ಅಂದರೆ ಹಾಕಿದ ದರಕ್ಕೆ ನಾವು ಬದ್ಧರಾಗಿರಬೇಕಾದ ಅವಧಿ, ಮುಗಿದಿತ್ತು. ಹಳೇ ದರಕ್ಕೇ ಒಪ್ಪಿಗೆಯಾ ಅಂತ ಇಲಾಖೆ ಪತ್ರ ಬರೆಯಿತು. ಸ್ಟೀಲ್ ಪೈಪಿನ ಬೆಲೆ ಏರಿಬಿಟ್ಟಿತ್ತು. ಒಪ್ಪದಿದ್ದರೆ ಇಷ್ಟು ಹೋರಾಡಿದ್ದು ವ್ಯರ್ಥ, ಒಪ್ಪಿದರೆ ಲಾಭ ಅಂತ ಹೇಳಿಕೊಳ್ಳುವಂಥದ್ದು ಏನೂ ಉಳಿಯುವುದಿಲ್ಲ. ಒಪ್ಪಿದೆವು. ವಿಚಾರಣೆ ದಿನಾಂಕ ಪದೇಪದೇ ಮುಂದಕ್ಕೆ ಹೋಗದಿದ್ದರೆ ಈ ಪರಿಸ್ಥಿತಿ ಬರುತ್ತಿರಲಿಲ್ಲ. ಉಳಿದ ಅರ್ಧ ಅಂಕ ಹೋಗಿದ್ದು ಇಲ್ಲಿ. ಸಣ್ಣ ಘಟಕಕ್ಕೆ ಮುಂದೂಡಿದ ಪ್ರತಿ ದಿನಾಂಕವೂ ದುಡ್ಡು. ಕೆಲಸಗಾರರಿಗೆ ಶನಿವಾರ ಬಟವಾಡೆ ಮಾಡಲೇಬೇಕು, ಇಎಂಡಿ ಹಣ ಅಲ್ಲಿ ಸಿಕ್ಕಿಕೊಂಡಿರುತ್ತದೆ, ಬ್ಯಾಂಕಿನ ಓವರ್‌ಡ್ರಾಫ್ಟ್ ಬಡ್ಡಿ ನಿಲ್ಲುವುದಿಲ್ಲ. ಇದನ್ನು ವಿಚಾರಣೆ ಮುಂದೂಡುವವರು ಒಮ್ಮೆಯಾದರೂ ಯೋಚಿಸಬೇಕು.

ಇನ್ನು ಹೈಕೋರ್ಟ್ ಜತೆ ಹೋಲಿಸಿದರೆ ಹೇಗೆ ಅಂತ ಬಹಳ ಜನ ಕೇಳುತ್ತಾರೆ. ನಮ್ಮ ಭಾಗದವರಿಗೆ ಹೈಕೋರ್ಟ್ ಈಗ ದೂರವೇನಲ್ಲ. ಧಾರವಾಡ ಮತ್ತು ಕಲಬುರಗಿಯಲ್ಲಿ 2008ರಲ್ಲಿ ಸಂಚಾರಿ ಪೀಠ ಬಂತು, 2013ರಲ್ಲಿ ಕಾಯಂ ಆಯಿತು. ಅದಕ್ಕೂ ಮುಂಚೆ ಒಂದು ಟೆಂಡರ್ ರಿಟ್ (ಸರ್ಕಾರಿ ತೀರ್ಮಾನದ ವಿರುದ್ಧ ಹೈಕೋರ್ಟಿಗೆ ಹಾಕುವ ಅರ್ಜಿ) ಹಾಕಬೇಕಾದರೂ ಬೆಂಗಳೂರಿನ ರಾತ್ರಿ ಬಸ್ಸು ಹತ್ತಬೇಕಿತ್ತು. ಈಗ ಹುಬ್ಬಳ್ಳಿಯಿಂದ ಬೆಳಗ್ಗೆ ಹೋಗಿ ಸಂಜೆ ಬರಬಹುದು. ಆದರೆ ದೂರ ಕಡಿಮೆಯಾದ ಮಾತ್ರಕ್ಕೆ ಕೆಲಸ ಸುಲಭ ಆಗಿಲ್ಲ. ಸಂವಿಧಾನದ 226ನೇ ವಿಧಿಯಡಿ ರಿಟ್ ಹಾಕಿದರೆ ಕೋರ್ಟ್ ನೋಡುವುದೇ ಬೇರೆ. ಟಾಟಾ ಸೆಲ್ಯುಲರ್ ಪ್ರಕರಣದಲ್ಲಿ, 1994ರಲ್ಲಿ, ನಾಲ್ಕು ಮಹಾನಗರಗಳ ಮೊಬೈಲ್ ಸೇವೆಯ ಟೆಂಡರ್ ಜಗಳ ಅದು, ಸುಪ್ರೀಂ ಕೋರ್ಟ್ ಒಂದು ಗೆರೆ ಎಳೆದಿದೆ. ತೀರ್ಮಾನ ಸರಿಯೋ ತಪ್ಪೋ ಅಂತ ಕೋರ್ಟ್ ಮೇಲ್ಮನವಿಯಂತೆ ಕೂತು ನೋಡುವುದಿಲ್ಲ, ತೀರ್ಮಾನ ಮಾಡಿದ ರೀತಿ ಸರಿ ಇತ್ತೇ ಅಂತ ಮಾತ್ರ ನೋಡುತ್ತದೆ. 2007ರಲ್ಲಿ ವರದಿಯಾದ ಜಗದೀಶ್ ಮಂಡಲ್ ಪ್ರಕರಣ ಇನ್ನೂ ಬಿಗಿ. ಅಲ್ಲಿ ಎರಡು ಪ್ರಶ್ನೆ ಇಟ್ಟರು. ದುರುದ್ದೇಶ ಇತ್ತೇ, ಅಥವಾ ಜವಾಬ್ದಾರಿಯುತ ಅಧಿಕಾರಿ ಯಾರೂ ಮಾಡದಷ್ಟು ಮನಸೋಇಚ್ಛೆಯ ತೀರ್ಮಾನವೇ? ಸಾರ್ವಜನಿಕ ಹಿತಕ್ಕೆ ಧಕ್ಕೆ ಇದೆಯೇ? ಎರಡಕ್ಕೂ ಇಲ್ಲ ಅಂತಾದರೆ ಕೋರ್ಟ್ ಕೈಹಾಕುವುದಿಲ್ಲ. 2016ರ ಆಫ್ಕಾನ್ಸ್ ಪ್ರಕರಣ, ನಾಗಪುರ ಮೆಟ್ರೊದ್ದು, ಟೆಂಡರ್ ದಾಖಲೆ ಬರೆದವರೇ ಅದರ ಅರ್ಥ ಹೇಳಲು ಸೂಕ್ತರು ಅಂದಿತು. ಅಂದರೆ ಷರತ್ತಿಗೆ ಎರಡು ಅರ್ಥ ಬರುತ್ತಿದ್ದರೆ ಸಾಮಾನ್ಯವಾಗಿ ಇಲಾಖೆಯ ಅರ್ಥವೇ ಗೆಲ್ಲುತ್ತದೆ.

16ನೇ ಕಲಂ ಮೇಲ್ಮನವಿಯ ದೊಡ್ಡ ಲಾಭ ಅಲ್ಲೇ ಇದೆ. ಅಲ್ಲಿ ಅಧಿಕಾರಿ ಪಿಡಿಎಫ್ ತೆರೆದು ಪುಟ ನೋಡಬಹುದು. ದಾಖಲೆ ಇದೆಯೋ ಇಲ್ಲವೋ ಅನ್ನುವ ವಾಸ್ತವ ಪ್ರಶ್ನೆಗೆ ಅದಕ್ಕಿಂತ ಒಳ್ಳೆಯ ಜಾಗ ಇಲ್ಲ. ನಮ್ಮ ಪ್ರಕರಣ ನೇರವಾಗಿ ರಿಟ್‌ನಲ್ಲಿ ಹೋಗಿದ್ದರೆ ಆಕ್ಷೇಪಣೆ, ಪ್ರತ್ಯುತ್ತರ ಅಂತ ಎಷ್ಟು ಕಾಲ ಹೋಗುತ್ತಿತ್ತೋ. ಆದರೆ ಒಂದು ಎಚ್ಚರಿಕೆ. ಟೆಂಡರ್ ಒಪ್ಪಿದ್ದು ಸರ್ಕಾರವೇ ಆಗಿದ್ದರೆ ಈ ಮೇಲ್ಮನವಿ ಇಲ್ಲ, ಕಲಂನಲ್ಲೇ ಸರ್ಕಾರವನ್ನು ಹೊರಗಿಟ್ಟಿದ್ದಾರೆ. ಆಗ ರಿಟ್ ಒಂದೇ ದಾರಿ. ಟೆಂಡರ್ ಷರತ್ತನ್ನೇ ಒಬ್ಬರಿಗೆ ಅನುಕೂಲ ಆಗುವಂತೆ ಹೆಣೆದಿದ್ದಾರೆ ಅನ್ನುವುದು ನಿಮ್ಮ ದೂರಾಗಿದ್ದರೂ ರಿಟ್ಟೇ ಸರಿ, ಅದೂ ಬಿಡ್ ಹಾಕುವ ಗಡುವಿಗೆ ಮುಂಚೆ. ಷರತ್ತು ಒಪ್ಪಿ ಬಿಡ್ ಹಾಕಿ, ಸೋತ ಮೇಲೆ ಷರತ್ತು ಸರಿ ಇಲ್ಲ ಅಂದರೆ ಯಾವ ಕೋರ್ಟೂ ಸುಲಭಕ್ಕೆ ಕಿವಿಗೊಡುವುದಿಲ್ಲ.

ತಡ ಮಾಡಿದರೆ ಏನಾಗುತ್ತದೆ ಅನ್ನುವುದಕ್ಕೆ ಆರ್.ಡಿ. ಶೆಟ್ಟಿ ಪ್ರಕರಣಕ್ಕಿಂತ ದೊಡ್ಡ ಉದಾಹರಣೆ ಬೇಡ. 1979ರದ್ದು. ಬೊಂಬಾಯಿ ವಿಮಾನ ನಿಲ್ದಾಣದಲ್ಲಿ ಎರಡನೇ ದರ್ಜೆಯ ರೆಸ್ಟೊರೆಂಟ್ ಮತ್ತು ಎರಡು ಸ್ನ್ಯಾಕ್ ಬಾರ್ ನಡೆಸಲು ಟೆಂಡರ್. ಕನಿಷ್ಠ 5 ವರ್ಷ ಅನುಭವ ಇರುವ, ನೋಂದಾಯಿತ ಎರಡನೇ ದರ್ಜೆಯ ಹೋಟೆಲಿಗರು ಬೇಕು ಅಂತ ಪ್ರಕಟಣೆ. ಕೊಟ್ಟಿದ್ದು ಮಾತ್ರ ಆ ಅರ್ಹತೆ ಇಲ್ಲದ, ಕ್ಯಾಂಟೀನ್ ನಡೆಸಿದ ಅನುಭವ ಇದ್ದವರಿಗೆ. ರಮಣ ದಯಾರಾಂ ಶೆಟ್ಟಿ ಕೋರ್ಟಿಗೆ ಹೋದರು. ತಾನೇ ಹಾಕಿದ ಅರ್ಹತೆಯನ್ನು ಸರ್ಕಾರಿ ಸಂಸ್ಥೆ ತಾನೇ ಮುರಿಯುವಂತಿಲ್ಲ ಅಂತ ನ್ಯಾಯಮೂರ್ತಿ ಭಗವತಿ ಬರೆದರು. ಇವತ್ತು ಟೆಂಡರ್ ಜಗಳದ ಯಾವ ಅರ್ಜಿ ತೆಗೆದರೂ ಈ ತೀರ್ಪಿನ ಹೆಸರು ಇರುತ್ತದೆ. ಆದರೆ ಶೆಟ್ಟರಿಗೆ ಪರಿಹಾರ ಸಿಗಲಿಲ್ಲ! ಅವರು ಸ್ವತಃ ಬಿಡ್ ಹಾಕಿರಲಿಲ್ಲ, ಕೋರ್ಟಿಗೆ ಬಂದಿದ್ದು ತಡವಾಗಿ, ಅಷ್ಟರಲ್ಲಿ ಗುತ್ತಿಗೆ ಸಿಕ್ಕವರು ದುಡ್ಡು ಹಾಕಿ ವ್ಯವಸ್ಥೆ ಮಾಡಿಕೊಂಡಿದ್ದರು. ಹೀಗಾಗಿ ಗುತ್ತಿಗೆ ಹಾಗೇ ಉಳಿಯಿತು. ನನ್ನ ಮಟ್ಟಿಗೆ ಇದು ಬೇಸರದ ಕಥೆ. ದೇಶಕ್ಕೆಲ್ಲ ಉಪಯೋಗಕ್ಕೆ ಬಂದ ತೀರ್ಪು, ತಂದವರಿಗೇ ದಕ್ಕಲಿಲ್ಲ.

ಯಾವ ತಪ್ಪಿಗೆ ಹೊರಹಾಕಬಹುದು, ಯಾವುದಕ್ಕೆ ಹಾಕಬಾರದು ಅನ್ನುವುದೂ ಮೇಲ್ಮನವಿ ಹಾಕುವ ಮುಂಚೆ ತಿಳಿದಿರಬೇಕು. ಪೊದ್ದಾರ್ ಸ್ಟೀಲ್ ಪ್ರಕರಣ, 1991. ಇಎಂಡಿಯನ್ನು ನಗದಾಗಿ ಅಥವಾ ಸ್ಟೇಟ್ ಬ್ಯಾಂಕ್ ಡಿಡಿ ಮೂಲಕ ಕೊಡಿ ಅಂತ ಷರತ್ತು. ಇವರು ಯೂನಿಯನ್ ಬ್ಯಾಂಕಿನ ಬ್ಯಾಂಕರ್ಸ್ ಚೆಕ್ ಕೊಟ್ಟರು. ಮುಖ್ಯ ಷರತ್ತು ಬೇರೆ, ಪೂರಕ ಷರತ್ತು ಬೇರೆ, ಪೂರಕವನ್ನು ಇಲಾಖೆ ಸಡಿಲಿಸಬಹುದು ಅಂತ ಸುಪ್ರೀಂ ಕೋರ್ಟ್ ಹೇಳಿತು. ಇದನ್ನು ಓದಿ ಖುಷಿಪಡುವ ಮುಂಚೆ 2016ರ ಸೆಂಟ್ರಲ್ ಕೋಲ್‌ಫೀಲ್ಡ್ಸ್ ಪ್ರಕರಣ ಓದಿ. ಅಲ್ಲಿ ಬ್ಯಾಂಕ್ ಗ್ಯಾರಂಟಿ ಕೊಟ್ಟಿದ್ದರು, ಆದರೆ ಟೆಂಡರ್‌ನಲ್ಲಿ ಹೇಳಿದ ನಮೂನೆಯಲ್ಲಿ ಇರಲಿಲ್ಲ. ತಿರಸ್ಕಾರ ಸರಿ ಅಂದರು. ಎರಡನ್ನೂ ಒಟ್ಟಿಗೆ ಇಟ್ಟು ನೋಡಿದರೆ ನಮಗೆ ಸಿಗುವ ಪಾಠ ಸ್ಪಷ್ಟ. ಸಡಿಲಿಸುವುದು ಇಲಾಖೆಯ ಇಷ್ಟ, ನಮ್ಮ ಹಕ್ಕಲ್ಲ. ದುಡ್ಡಿಗೆ ಸಂಬಂಧಿಸಿದ ದಾಖಲೆ, ಅಂದರೆ ಇಎಂಡಿ, ಬ್ಯಾಂಕ್ ಗ್ಯಾರಂಟಿ, ಅಲ್ಲಿ ನಮೂನೆಯ ಒಂದು ಅಕ್ಷರ ಬದಲಾದರೂ ವಾದ ಮಾಡಲು ಜಾಗ ಕಡಿಮೆ. ಅದೇ ದಾಖಲೆ ಇದ್ದೂ ನೋಡದೆ ಬಿಟ್ಟಿದ್ದರೆ, ಅಥವಾ ಟೆಂಡರ್‌ನಲ್ಲಿ ಇಲ್ಲದ ಷರತ್ತು ಹೇಳಿ ಹೊರಹಾಕಿದ್ದರೆ, ಧೈರ್ಯವಾಗಿ ಹೋಗಿ.

ಪರಿಚಯದ ಕೆಲವರು ಲೆಕ್ಕಪರಿಶೋಧಕರ ಪ್ರಮಾಣಪತ್ರದ ಮೇಲೆ ಯುಡಿಐಎನ್ (ಪ್ರತಿ ದಾಖಲೆಗೂ ಬೇರೆಬೇರೆಯಾಗಿ ಸಿಗುವ ಗುರುತಿನ ಸಂಖ್ಯೆ) ಇಲ್ಲ ಅಂತ ಹೊರಬಿದ್ದು ನನ್ನನ್ನು ಕೇಳುತ್ತಾರೆ, ಮೇಲ್ಮನವಿ ಹಾಕೋಣವೇ ಅಂತ. ಆ 18 ಅಂಕಿಯ ಸಂಖ್ಯೆ ಪ್ರಮಾಣಪತ್ರಗಳಿಗೆ 2019ರ ಫೆಬ್ರುವರಿಯಿಂದಲೇ ಕಡ್ಡಾಯ. ಟೆಂಡರ್‌ನಲ್ಲೂ ಕೇಳಿದ್ದರೆ, ನಿಮ್ಮ ಹಾಳೆಯಲ್ಲಿ ಇಲ್ಲದಿದ್ದರೆ, ಆ ದುಡ್ಡು ಉಳಿಸಿಕೊಳ್ಳಿ ಅನ್ನುತ್ತೇನೆ.

ಜೆಮ್ ಪೋರ್ಟಲ್ ಬಗ್ಗೆ ಎರಡು ಮಾತು. 2016ರಲ್ಲಿ ಶುರುವಾದ ಈ ಕೇಂದ್ರದ ಸರ್ಕಾರಿ ಖರೀದಿ ಪೋರ್ಟಲ್‌ನಲ್ಲಿ ತಾಂತ್ರಿಕವಾಗಿ ಹೊರಬಿದ್ದವರು ಅಲ್ಲೇ ಆನ್‌ಲೈನ್‌ನಲ್ಲಿ ತಿರಸ್ಕಾರವನ್ನು ಪ್ರಶ್ನಿಸಬಹುದು. ಬಹಳ ಒಳ್ಳೆಯದು, ಆದರೆ ಸಮಯ ತೀರಾ ಕಡಿಮೆ. ಹಬ್ಬ, ಭಾನುವಾರ ಅಂತ ಪೋರ್ಟಲ್ ನೋಡದೆ ಬಿಟ್ಟರೆ ಅವಕಾಶ ಹೋಯಿತು. ನಮ್ಮ ರಾಜ್ಯದ ವ್ಯವಸ್ಥೆಯಲ್ಲಿ 30 ದಿನ ಇದೆ, ಎದುರು ಕೂತು ಮಾತಾಡಲು ಅವಕಾಶ ಇದೆ. ಆ ಮಟ್ಟಿಗೆ ನನಗೆ ನಮ್ಮದೇ ಇಷ್ಟ.

ವಕೀಲರು ಬೇಕೇ? ಕಾಯ್ದೆ ಓದಿದರೆ ಮೇಲ್ಮನವಿ ನೀವೇ ಬರೆಯಬಹುದು. ಆದರೂ ಟೆಂಡರ್ ಪ್ರಕರಣ ಮಾಡಿ ಗೊತ್ತಿರುವ ಒಬ್ಬರನ್ನು ಇಟ್ಟುಕೊಳ್ಳಿ. ಸಿವಿಲ್ ಜಮೀನು ವ್ಯಾಜ್ಯ ಮಾಡುವ ಪರಿಚಯದವರ ಹತ್ತಿರ ಹೋದರೆ ಅವರು ಇದನ್ನೂ ಅದೇ ವೇಗದಲ್ಲಿ ನಡೆಸುತ್ತಾರೆ. "ಟೆಂಡರ್ ಕನ್ಸಲ್ಟೆಂಟ್" ಅಂತ ಬೋರ್ಡ್ ಹಾಕಿಕೊಂಡು, ಒಳಗೆ ಮಾತಾಡಿ ಸರಿ ಮಾಡಿಸುತ್ತೇನೆ ಅನ್ನುವವರೂ ಬರುತ್ತಾರೆ. ಅವರ ಹತ್ತಿರ ಮಾತ್ರ ಹೋಗಲೇಬೇಡಿ. ದುಡ್ಡೂ ಹೋಗುತ್ತದೆ, ಗಡುವೂ ಹೋಗುತ್ತದೆ, ಮುಂದೆ ನಿಮ್ಮ ನಿಜವಾದ ದೂರಿಗೂ ಬೆಲೆ ಇರುವುದಿಲ್ಲ.

ಮೇಲ್ಮನವಿ ಹಾಕಿದರೆ ಇಲಾಖೆ ಮುಂದೆ ಆರ್ಡರ್ ಕೊಡುವುದಿಲ್ಲ, ಬಿಲ್ ಸತಾಯಿಸುತ್ತಾರೆ ಅನ್ನುವ ಭಯ ಎಲ್ಲರಿಗೂ ಇದೆ. ನನಗೂ ಇತ್ತು. ನಮ್ಮ ಬಿಲ್ ಎಲ್ಲರ ಬಿಲ್ ಬಂದ ಹಾಗೇ ಬಂತು, ತಡವಾಗಿಯೇ, ಆದರೆ ಬಂತು. ಅದೇ ಇಲಾಖೆಯ ಮುಂದಿನ ಟೆಂಡರ್‌ನಲ್ಲೂ ಭಾಗವಹಿಸಿದೆವು. ಈ ಸಲ ತಾಂತ್ರಿಕ ಹಂತದಲ್ಲಿ ಹೊರಬಿದ್ದವರ ಹೆಸರಿನ ಮುಂದೆ ಷರತ್ತಿನ ಸಂಖ್ಯೆ ಹಾಕಿ ಕಾರಣ ಬರೆದಿದ್ದರು. ಒಂದು ಮೇಲ್ಮನವಿಯಿಂದ ಆದ ಬದಲಾವಣೆ ಇದು ಅಂತ ನಾನು ಹೇಳಲಾರೆ, ಆದರೆ ಅದನ್ನು ನೋಡಿ ಸಮಾಧಾನ ಆಯಿತು.

ಮೂರೂವರೆ ಐದಾಗಬೇಕಾದರೆ ಏನು ಮಾಡಬೇಕು ಅಂತಲೂ ಹೇಳುತ್ತೇನೆ, ಓದುವವರಲ್ಲಿ ಇಲಾಖೆಯವರೂ ಇರಬಹುದು. ತಾಂತ್ರಿಕ ಮೌಲ್ಯಮಾಪನದ ಪುಟದಲ್ಲಿ "ಅನರ್ಹ" ಅಂತ ಒತ್ತಿದರೆ ಷರತ್ತಿನ ಸಂಖ್ಯೆ ಮತ್ತು ಕಾರಣ ತುಂಬದೆ ಮುಂದಕ್ಕೆ ಹೋಗಲು ಬಾರದ ಹಾಗೆ ಮಾಡಿ. ಆ ಕಾರಣ ಬಿಡ್‌ದಾರನಿಗೆ ಅದೇ ದಿನ ಇಮೇಲ್ ಆಗಲಿ. ಅದಾದ ಮೇಲೆ ಕೆಲವು ದಿನ ಬಿಟ್ಟು ಎರಡನೇ ಕವರ್ ತೆರೆಯಿರಿ, ಅಷ್ಟರಲ್ಲಿ ಆಕ್ಷೇಪಣೆ ಬಂದರೆ ಉತ್ತರ ಕೊಟ್ಟು ಮುಂದುವರಿಯಿರಿ. ನಮ್ಮ ವಿಷಯದಲ್ಲಿ ಇಷ್ಟು ಆಗಿದ್ದರೆ ಒಬ್ಬರು ಪಿಡಿಎಫ್ ಇನ್ನೊಮ್ಮೆ ತೆರೆದು ನೋಡುತ್ತಿದ್ದರು, ಹಾಸ್ಟೆಲ್ ಮಕ್ಕಳಿಗೆ ಮಂಚ ಆ ಶೈಕ್ಷಣಿಕ ವರ್ಷದ ಶುರುವಿಗೇ ಸಿಗುತ್ತಿತ್ತು.